ತಲೆ ಹಗುರಾಗೋಕೆ ಸಕಲೇಶಪುರಕ್ಕೇ ಹೋಗಬೇಕಾ?

ಮರ, ಪಾರ್ಕು, ಕೆರೆ ಅಂತ ನಾನು ಬರೆಯಲು ಶುರು ಮಾಡಿದ ಮೇಲೆ ನೆಂಟರು, ಆಫೀಸಿನವರು ಎಲ್ಲರೂ ಕೇಳುವುದು ಒಂದೇ. "ಬೆಂಗಳೂರಲ್ಲೇ ಇದ್ದುಕೊಂಡು ತಲೆ ಹಗುರ ಮಾಡ್ಕೊಳ್ಳೋಕಾಗುತ್ತಾ? ಅದಕ್ಕೆ ಸಕಲೇಶಪುರನೋ ಚಿಕ್ಕಮಗಳೂರೋ ಬೇಕಲ್ವಾ?"

ಬೇಕಿಲ್ಲ. ಹೋದರೆ ಸಂತೋಷ. ಆದರೆ ಭಾನುವಾರ ಸಂಜೆ ನೆಲಮಂಗಲದ ಹತ್ತಿರ ಗಾಡಿ ತೆವಳುವಾಗ, ಘಟ್ಟದಲ್ಲಿ ಸಿಕ್ಕ ನೆಮ್ಮದಿ ಎಷ್ಟು ಉಳಿದಿರುತ್ತೆ ಹೇಳಿ! ವಾರದಲ್ಲಿ ಎರಡು ಮೂರು ಸಲ ಮನೆ ಹತ್ತಿರದ ಪಾರ್ಕಿಗೆ ಹೋಗಿಬರುವುದೇ ಮೇಲು ಅಂತೀನಿ.

ಇಂಗ್ಲೆಂಡಿನ ಸುಮಾರು 20 ಸಾವಿರ ಜನರ ಮಾಹಿತಿ ನೋಡಿದ ಅಧ್ಯಯನವೊಂದು 2019ರಲ್ಲಿ ಬಂತು. ವಾರಕ್ಕೆ 120 ನಿಮಿಷವಾದರೂ ಪ್ರಕೃತಿಯ ನಡುವೆ ಕಳೆದವರಲ್ಲಿ "ಆರೋಗ್ಯವಾಗಿದ್ದೀನಿ, ನೆಮ್ಮದಿಯಾಗಿದ್ದೀನಿ" ಅಂದವರು ಜಾಸ್ತಿ. ಒಂದೇ ಸಲ ಎರಡು ಗಂಟೆ ಕಳೆದರೂ, ಚೂರುಚೂರಾಗಿ ಕಳೆದರೂ ಅಷ್ಟೇ. (ಆರೋಗ್ಯ ಇದ್ದವರೇ ಹೆಚ್ಚು ಹೊರಗೆ ಓಡಾಡುತ್ತಾರೆ ಅಂತಲೂ ವಾದಿಸಬಹುದು. ಸರಿಯೇ.)

ನನಗೆ ಜಾಸ್ತಿ ಹಿಡಿಸಿದ್ದು ಬೇರೆ. ಸ್ಟೀಫನ್ ಮತ್ತು ರೇಚೆಲ್ ಕಪ್ಲಾನ್ ಎಂಬ ಅಮೆರಿಕದ ಮನಶ್ಶಾಸ್ತ್ರಜ್ಞ ದಂಪತಿ ಹೇಳಿದ್ದು ಇದು: ಬೇಕೆಂದೇ ಇಡುವ ಗಮನ ದಣಿಯುತ್ತದೆ. ಸಿಲ್ಕ್ ಬೋರ್ಡ್ ಜಂಕ್ಷನ್ ದಾಟುವಾಗ ಬಸ್ಸು, ಬೈಕು, ಹಾರ್ನು, ಗುಂಡಿ ಎಲ್ಲದರ ಮೇಲೂ ಕಣ್ಣಿಡಬೇಕು. ಅಲ್ಲಾಡುವ ಎಲೆ ಹಾಗೇನೂ ಕೇಳುವುದಿಲ್ಲ. ಕಣ್ಣು ತಾನಾಗಿ ಅತ್ತ ಹೋಗುತ್ತದೆ, ದಣಿದ ಗಮನಕ್ಕೆ ಬಿಡುವು ಸಿಗುತ್ತದೆ. 2008ರಲ್ಲಿ ಮಿಶಿಗನ್ ವಿಶ್ವವಿದ್ಯಾಲಯದವರು ಇದನ್ನು ಪರೀಕ್ಷಿಸಿದರು. ಮರಗಳ ನಡುವೆ ನಡೆದು ಬಂದವರು ಕೇಳಿದ ಅಂಕಿಗಳನ್ನು ಕೊನೆಯಿಂದ ಮೊದಲಿಗೆ ಹೇಳುವ ಪರೀಕ್ಷೆಯಲ್ಲಿ ಸುಧಾರಿಸಿದರು. ಪೇಟೆ ಬೀದಿಯಲ್ಲಿ ನಡೆದಾಗ ಅಷ್ಟು ಸುಧಾರಣೆ ಕಾಣಲಿಲ್ಲ. ತಮಾಷೆ ಅಂದರೆ, ಕೊರೆಯುವ ಚಳಿಯಲ್ಲಿ ಬೇಸರದಿಂದಲೇ ನಡೆದವರಿಗೂ ಲಾಭ ಸಿಕ್ಕಿತು. ಅಂದಮೇಲೆ ಮೂಡ್ ಬರಲಿ ಅಂತ ಕಾಯಬೇಡಿ.

ಲಾಲ್‌ಬಾಗಿಗೆ ಹೋಗಿ. 240 ಎಕರೆ ಇದೆ. ಬಂಡೆ ಹತ್ತಿ ಸುಮ್ನೆ ಕೂತುಕೊಳ್ಳಿ. ಆ ಕಲ್ಲಿಗೆ ಸುಮಾರು 300 ಕೋಟಿ ವರ್ಷ. ಅದರ ಮುಂದೆ ನಿಮ್ಮ ಕ್ವಾರ್ಟರ್ಲಿ ರಿವ್ಯೂ ಯಾವ ಲೆಕ್ಕ! ಫೆಬ್ರವರಿ, ಮಾರ್ಚಲ್ಲಾದರೆ ಕಬ್ಬನ್ ಪಾರ್ಕಿನಲ್ಲಿ ಟಬೆಬುಯಾ ಹೂ ನೋಡಬಹುದು, ಸೆಲ್ಫಿಯವರ ಸಾಲು ತಪ್ಪಿಸಿಕೊಂಡು. ಹೆಜ್ಜೆ ಎಣಿಸುವ ವಾಚು ಮನೆಯಲ್ಲಿರಲಿ. ಕಿವಿಗೆ ಇಯರ್‌ಬಡ್ಸ್ ಸಿಕ್ಕಿಸಿಕೊಂಡು ಸೈಟ್ ರಿಜಿಸ್ಟ್ರೇಷನ್ ಮಾತಾಡುತ್ತಾ ಸುತ್ತು ಹಾಕುವವರಿಗೆ ವ್ಯಾಯಾಮ ಆಗುತ್ತೆ, ಗಮನಕ್ಕೆ ಬಿಡುವು ಎಲ್ಲಿಂದ ಬರಬೇಕು?

"ಹತ್ತಿರದಲ್ಲಿ ಪಾರ್ಕೇ ಇಲ್ಲ, ಏನು ಮಾಡಲಿ?" ಅಂತಲೂ ಕೇಳುತ್ತಾರೆ. ಅವರಿಗೆ ಅಮೆರಿಕದ ಸಂಶೋಧಕ ರೋಜರ್ ಉಲ್ರಿಚ್ 1984ರಲ್ಲಿ ಪ್ರಕಟಿಸಿದ ಅಧ್ಯಯನದ ಬಗ್ಗೆ ಹೇಳುತ್ತೇನೆ. ಪಿತ್ತಕೋಶದ ಆಪರೇಷನ್ ಆದವರಲ್ಲಿ 23 ಜನರ ಕಿಟಕಿಗೆ ಮರ ಕಾಣುತ್ತಿತ್ತು, 23 ಜನರ ಕಿಟಕಿಗೆ ಇಟ್ಟಿಗೆ ಗೋಡೆ. ಮರ ಕಂಡವರು ಬೇಗ ಮನೆಗೆ ಹೋದರು, ನೋವಿಗೆ ಕೊಡುವ ಜೋರಾದ ಔಷಧಿ ಕಡಿಮೆ ತೆಗೆದುಕೊಂಡರು. ಚಿಕ್ಕ ಅಧ್ಯಯನ, ನಿಜ. ಆದರೂ ನಿಮ್ಮ ಬೀದಿಯ ಹೊಂಗೆ ಮರ ಕಾಣುವ ಕಿಟಕಿ ಮನೆಯಲ್ಲಿದ್ದರೆ, ಲ್ಯಾಪ್‌ಟಾಪ್ ಟೇಬಲ್ಲನ್ನು ಅಲ್ಲಿಗೆ ಎಳೆದುಕೊಳ್ಳೋಕೆ ಏನು ಖರ್ಚು?