ಪಾತ್ಸ್‌ಕ್ವಾರೋ ಕೆರೆ ಸುತ್ತ ಒಂದು ದಿನ: ಪ್ರೈವೇಟ್ ಗೈಡ್ ಬೇಕಾ ಅಂತ ಕೇಳೋರಿಗೆ

ನಾನು ಕೆಲಸದ ಮೇಲೆ ಮೆಕ್ಸಿಕೋದ ಕೆರೇತಾರೋ ಊರಲ್ಲಿ ಇರೋದ್ರಿಂದ ಅಮೆರಿಕದಲ್ಲಿರೋ ನಮ್ಮವರು, ಬೆಂಗಳೂರಿನ ಫ್ರೆಂಡ್ಸು, ಅವರ ಫ್ರೆಂಡ್ಸು ಎಲ್ಲರೂ ವಾಟ್ಸಾಪಲ್ಲಿ ಒಂದೇ ಪ್ರಶ್ನೆ ಕೇಳ್ತಾರೆ. ಮೊರೇಲಿಯಾಗೆ ಬರ್ತಿದೀವಿ, ಅಲ್ಲಿಂದ ಪಾತ್ಸ್‌ಕ್ವಾರೋ ಕೆರೆ, ತಾಮ್ರದ ಊರು, ಮಡಕೆ ಊರು ಎಲ್ಲಾ ಒಂದು ದಿನದಲ್ಲಿ ನೋಡ್ಬೇಕು, ಪ್ರೈವೇಟ್ ಗೈಡ್ ಮತ್ತೆ ಕಾರು ತಗೋಬೇಕಾ ಇಲ್ಲಾ ನಾವೇ ಬಸ್ಸಲ್ಲಿ ಹೋಗ್ಬೋದಾ, ಗೈಡ್‌ಗೆ ಅಷ್ಟು ದುಡ್ಡು ಕೊಡೋದು ವರ್ತಾ ಅಂತ. ಪ್ರತಿ ಸಲ ಟೈಪ್ ಮಾಡೋದಕ್ಕಿಂತ ಒಂದ್ಸಲ ಪೂರ್ತಿ ಬರೆದಿಡೋಣ ಅಂತ ಕೂತಿದೀನಿ.

ಉತ್ತರ ಹೌದು, ತಗೊಳ್ಳಿ. ಆದ್ರೆ ಕಾರು ಓಡ್ಸೋಕೆ, ಫೋಟೋ ಪಾಯಿಂಟ್ ತೋರ್ಸೋಕೆ ಮಾತ್ರ ಗೈಡ್ ಬೇಕು ಅಂದ್ರೆ ಬೇಡ, ಆ ದುಡ್ಡು ಉಳ್ಸಿ. ಮೊರೇಲಿಯಾದಿಂದ ಪಾತ್ಸ್‌ಕ್ವಾರೋಗೆ ಬಸ್ ಬೇಕಾದಷ್ಟಿದೆ, ಹೆಚ್ಚುಕಮ್ಮಿ ಒಂದು ಗಂಟೆ ದಾರಿ, ಅಲ್ಲಿಂದ ತಾಮ್ರದ ಊರು ಸಾಂತಾ ಕ್ಲಾರಾಗೆ, ಕೆರೆ ದಡದ ತ್ಸಿನ್‌ತ್ಸುನ್‌ತ್ಸಾನ್‌ಗೆ ಸಣ್ಣ ವ್ಯಾನ್‌ಗಳು ಓಡಾಡ್ತಾನೇ ಇರ್ತವೆ. ಗೈಡ್ ಬೇಕಾಗೋದು ಬಾಗಿಲು ತೆಗೆಸೋಕೆ. ಈ ಊರುಗಳಲ್ಲಿ ನಿಜವಾದ ಕೆಲಸ ನಡಿಯೋದು ಮನೆ ಹಿತ್ತಲಲ್ಲಿ, ರಸ್ತೆಯಿಂದ ನೋಡಿದ್ರೆ ಬರೀ ಒಂದು ಕಬ್ಬಿಣದ ಗೇಟು, ಬೋರ್ಡೂ ಇರಲ್ಲ. ಪರಿಚಯ ಇರೋರು ಗೇಟ್ ತಟ್ಟಿ ಒಳಗೆ ಕರ್ಕೊಂಡು ಹೋದ್ರೆ ಕುಲುಮೆ ಮುಂದೆ ನಿಂತ್ಕೊಂಡು ಅವರ ಜೊತೆ ಮಾತಾಡ್ಬೋದು, ಇಲ್ಲಾಂದ್ರೆ ಮೇನ್ ರೋಡಿನ ಅಂಗಡಿ ಸಾಲು ನೋಡ್ಕೊಂಡು ವಾಪಸ್ ಬರ್ತೀರ. ಎರಡಕ್ಕೂ ತುಂಬಾ ವ್ಯತ್ಯಾಸ ಇದೆ.

ಮೊದಲು ಜಾಗದ ಬಗ್ಗೆ ಸ್ವಲ್ಪ. ಇದು ಮಿಚೋಆಕಾನ್ ರಾಜ್ಯ, ಕೆರೆ ಸಮುದ್ರಮಟ್ಟದಿಂದ 2,000 ಮೀಟರ್‌ಗಿಂತ ಮೇಲಿದೆ, ಅದಕ್ಕೇ ಬೆಳಗ್ಗೆ ಸಂಜೆ ಚಳಿ, ಸ್ವೆಟರ್ ಬೇಕೇ ಬೇಕು. ಇಲ್ಲಿನ ಮೂಲ ಜನ ಪುರೆಪೆಚಾ. ಆಜ್ಟೆಕ್‌ರಿಗೆ ಕೊನೇವರೆಗೂ ಗೆಲ್ಲೋಕೆ ಆಗದೇ ಇದ್ದ ರಾಜ್ಯ ಇವರದ್ದು, ಅವರ ಭಾಷೆಗೆ ಜಗತ್ತಿನ ಬೇರೆ ಯಾವ ಭಾಷೆ ಜೊತೆಗೂ ನಂಟು ಸಾಬೀತಾಗಿಲ್ಲ. ಸ್ಪೇನಿನವರು ಬರೋಕೆ ಮುಂಚೆನೇ ತಾಮ್ರ ಕರಗಿಸಿ ಗಂಟೆ, ಸೂಜಿ, ಕೊಡಲಿ ಮಾಡ್ತಿದ್ರು. 1530ರಲ್ಲಿ ನೂನ್ಯೋ ದೆ ಗುಜ್ಮಾನ್ ಅನ್ನೋ ಸ್ಪ್ಯಾನಿಷ್ ಅಧಿಕಾರಿ ಇವರ ಕೊನೇ ರಾಜ ಎರಡನೇ ತಂಗಾಶುವಾನ್‌ನ ಹಿಂಸೆ ಕೊಟ್ಟು ಕೊಲ್ಲಿಸ್ದ, ಜನ ಬೆಟ್ಟಕ್ಕೆ ಓಡಿಹೋದ್ರು. ಅದಾದ್ಮೇಲೆ ಬಂದವರು ವಾಸ್ಕೋ ದೆ ಕಿರೋಗಾ, ಮೊದಲು ನ್ಯಾಯಾಧೀಶರಾಗಿ, ಆಮೇಲೆ ಮಿಚೋಆಕಾನಿನ ಮೊದಲ ಬಿಷಪ್ ಆಗಿ. ಒಂದೊಂದು ಊರಿಗೆ ಒಂದೊಂದು ಕಸುಬು ಅಂತ ವ್ಯವಸ್ಥೆ ಮಾಡಿದ್ದು ಅವರೇ ಅಂತ ಇಲ್ಲಿ ಎಲ್ಲರೂ ಹೇಳ್ತಾರೆ, ಇವತ್ತಿಗೂ ತಾತಾ ವಾಸ್ಕೋ (ಇಲ್ಲಿ ತಾತಾ ಅಂದ್ರೆ ಅಪ್ಪ) ಅಂತ ಪ್ರೀತಿಯಿಂದ ಕರೀತಾರೆ. ತಾಮ್ರ, ಮಡಕೆ ಎಲ್ಲಾ ಅವರಿಗಿಂತ ಹಳೇದು, ಕಸುಬನ್ನ ಅವರು ಹುಟ್ಟುಹಾಕಿದ್ದಲ್ಲ, ಆದ್ರೆ ಊರಿಗೊಂದು ಕಸುಬು ಅನ್ನೋದು ಮಾತ್ರ ಸುಮಾರು 500 ವರ್ಷ ಆದ್ರೂ ಕಣ್ಣಿಗೆ ಕಾಣೋ ಹಾಗೆ ಉಳಿದಿದೆ. ಸಾಂತಾ ಕ್ಲಾರಾ ದೆಲ್ ಕೋಬ್ರೆ ಅಂದ್ರೆ ತಾಮ್ರ, ಕಾಪುಲಾ ಅಂದ್ರೆ ಚುಕ್ಕಿ ಚುಕ್ಕಿ ಡಿಸೈನಿನ ಮಣ್ಣಿನ ಪಾತ್ರೆ ಮತ್ತೆ ಕತ್ರಿನಾ ಗೊಂಬೆ (ದೊಡ್ಡ ಹ್ಯಾಟು ಹಾಕಿರೋ ಅಸ್ಥಿಪಂಜರದ ಹೆಂಗಸು, ನೀವು ಫೋಟೋದಲ್ಲಿ ನೋಡಿರ್ತೀರ), ತೋಕ್ವಾರೋ ಅಂದ್ರೆ ಮರದ ಮುಖವಾಡ, ಸಾಂತಾ ಫೆ ದೆ ಲಾ ಲಗೂನಾ ಅಂದ್ರೆ ಕರಿ ಹೊಳಪಿನ ಮಡಕೆ, ತ್ಸಿನ್‌ತ್ಸುನ್‌ತ್ಸಾನ್ ಅಂದ್ರೆ ಗೋಧಿಹುಲ್ಲು, ಜೊಂಡಿನಲ್ಲಿ ಹೆಣೆದ ಸಾಮಾನು.

ಲಿಸ್ಟ್ ನೋಡಿದ ತಕ್ಷಣ ಎಲ್ಲರಿಗೂ ಎಲ್ಲಾ ಊರೂ ಬೇಕು ಅನ್ಸತ್ತೆ. ಟೂರ್ ಮಾರೋರೂ ಹಾಗೇ ಮಾರ್ತಾರೆ, ಒಂದೇ ದಿನದಲ್ಲಿ ಆರು ಊರು, ಜೊತೆಗೆ ಒಂದು ದ್ವೀಪ ಅಂತ. ದಯವಿಟ್ಟು ಬೇಡ. ಪ್ರೈವೇಟ್ ಅಂತ ಜಾಸ್ತಿ ದುಡ್ಡು ಕೊಡೋದೇ ಟೈಮ್ ನಿಮ್ಮ ಕೈಲಿರ್ಲಿ ಅಂತ, ಆಮೇಲೆ ಗ್ರೂಪ್ ಟೂರ್ ಥರನೇ ಓಡಾಡಿದ್ರೆ ಏನು ಬಂತು? ನಾನು ಎಲ್ಲರಿಗೂ ಹೇಳೋದು ಬೆಳಗ್ಗೆ ಸಾಂತಾ ಕ್ಲಾರಾ, ಮಧ್ಯಾಹ್ನ ಪಾತ್ಸ್‌ಕ್ವಾರೋ ಊರು, ಸಂಜೆ ವಾಪಸ್ ಹೋಗ್ತಾ ತ್ಸಿನ್‌ತ್ಸುನ್‌ತ್ಸಾನ್, ಅಷ್ಟೇ ಸಾಕು.

ಸಾಂತಾ ಕ್ಲಾರಾದಲ್ಲಿ ಮಿನಿಮಮ್ ಎರಡು ಗಂಟೆ ಇರಿ, ಅದೂ ಬೆಳಗ್ಗೆನೇ, ಯಾಕಂದ್ರೆ ಬೆಂಕಿ ಕೆಲಸ ಬೆಳಗ್ಗೆ ಜೋರಾಗಿರತ್ತೆ. ತಾಮ್ರ ಈಗ ಹೆಚ್ಚಾಗಿ ಗುಜರಿಯಿಂದ ಬರೋದು, ಹಳೇ ವೈರು, ಪೈಪು ಎಲ್ಲಾ ಕುಲುಮೆಯಲ್ಲಿ ಕರಗಿಸಿ ದಪ್ಪ ದೋಸೆ ಥರ ಒಂದು ಬಿಲ್ಲೆ ಮಾಡ್ತಾರೆ. ಅದು ಕೆಂಪಗೆ ಕಾದಾಗ ಮೂರು ನಾಲ್ಕು ಜನ ಸುತ್ತ ನಿಂತು ದೊಡ್ಡ ಸುತ್ತಿಗೆಯಲ್ಲಿ ಒಬ್ಬರಾದ್ಮೇಲೆ ಒಬ್ಬರು ಹೊಡೀತಾರೆ, ಒಬ್ಬರು ಇಕ್ಕಳದಲ್ಲಿ ಹಿಡ್ಕೊಂಡು ತಿರುಗಿಸ್ತಿರ್ತಾರೆ, ಒಂದು ಏಟೂ ಇನ್ನೊಬ್ಬರ ಸುತ್ತಿಗೆಗೆ ತಾಗಲ್ಲ. ಬಡಿದು ಬಡಿದು ತಾಮ್ರ ಗಡುಸಾಗಿ ಸೀಳತ್ತೆ, ಅದಕ್ಕೆ ಮತ್ತೆ ಬೆಂಕಿಗೆ, ಮತ್ತೆ ಸುತ್ತಿಗೆಗೆ, ಒಂದು ಹೂದಾನಿ ಮುಗಿಯೋಷ್ಟರಲ್ಲಿ ಇದು ಎಷ್ಟೋ ಸಲ ಆಗಿರತ್ತೆ. ಕೊನೇಗೆ ಬರೋ ಪಾತ್ರೆಯಲ್ಲಿ ಬೆಸುಗೆ ಇರಲ್ಲ, ತಳದಿಂದ ಬಾಯಿವರೆಗೂ ಒಂದೇ ತಾಮ್ರ. ಇದನ್ನ ಕಣ್ಣಾರೆ ನೋಡಿದ್ಮೇಲೆ ಅಂಗಡಿಯಲ್ಲಿ ಎರಡು ಒಂದೇ ಥರ ಕಾಣೋ ಪಾತ್ರೆಗೆ ರೇಟ್ ಯಾಕೆ ಅಷ್ಟು ಬೇರೆ ಅಂತ ಯಾರೂ ಹೇಳೋದೇ ಬೇಡ. ತೆಳು ಶೀಟಿಂದ ಮಾಡಿದ್ದು ಹಗುರ, ಬಿಲ್ಲೆಯಿಂದ ಬಡಿದು ಎಬ್ಬಿಸಿದ್ದು ಭಾರ, ಅದರ ಬಾಯಿ ಅಂಚು ದಪ್ಪ. ಕೈಯಲ್ಲಿ ಎತ್ತಿ ನೋಡಿ, ಗೊತ್ತಾಗತ್ತೆ. ಅಡುಗೆಗೆ ಅಂತ ತಗೊಳ್ಳೋರು ಒಳಗೆ ಕಲಾಯಿ ಇದ್ಯಾ ಅಂತ ಕೇಳಿ, ಸುಮಾರು ಪಾತ್ರೆಗಳಿಗೆ ಇರಲ್ಲ, ಅದರಲ್ಲಿ ಹುಳಿ ಸಾರು ಮಾಡೋ ಹಾಗಿಲ್ಲ ಅಂತ ನಮ್ಮವರಿಗೆ ನಾನು ಹೇಳ್ಬೇಕಾಗಿಲ್ಲ.

ಇಲ್ಲೇ ಗೈಡ್ ವಿಷಯ ಮುಖ್ಯ ಆಗೋದು. ಕೆಲವು ಗೈಡ್‌ಗಳಿಗೆ ಅಂಗಡಿಗಳಿಂದ ಕಮಿಷನ್ ಇರತ್ತೆ, ಅವರು ನಿಮ್ಮನ್ನ ದೊಡ್ಡ ಶೋರೂಮಿಗೆ ಕರ್ಕೊಂಡು ಹೋಗಿ ಐದು ನಿಮಿಷ ಸುತ್ತಿಗೆ ಡೆಮೋ ತೋರ್ಸಿ ಉಳಿದ ಟೈಮೆಲ್ಲಾ ಬಿಲ್ ಕೌಂಟರ್ ಹತ್ರ ನಿಲ್ಲಿಸ್ತಾರೆ. ಬುಕ್ ಮಾಡೋಕೆ ಮುಂಚೆನೇ ನೇರವಾಗಿ ಕೇಳಿ: ಯಾರ ಮನೆ ಕುಲುಮೆಗೆ ಕರ್ಕೊಂಡು ಹೋಗ್ತೀರಿ, ಅಲ್ಲಿ ಇವತ್ತು ಕೆಲಸ ನಡೀತಿದ್ಯಾ, ನಾವು ಏನೂ ಕೊಳ್ಳದೇ ಇದ್ರೆ ನೋಡೋದಕ್ಕೆ ಅವರಿಗೆ ಎಷ್ಟು ಕೊಡ್ಬೇಕು. ಮೂರನೇ ಪ್ರಶ್ನೆಗೆ ಸ್ಪಷ್ಟ ಉತ್ತರ ಕೊಡೋರು ಒಳ್ಳೇ ಗೈಡ್. ಕುಶಲಕರ್ಮಿಯ ಅರ್ಧ ದಿನದ ಕೆಲಸ ನಿಲ್ಸಿ ನಾವು ಪ್ರಶ್ನೆ ಕೇಳ್ತೀವಲ್ಲ, ಅದಕ್ಕೆ ದುಡ್ಡು ಕೊಡೋದು ನ್ಯಾಯ ಅಂತ ನನ್ನ ಗಟ್ಟಿ ಅಭಿಪ್ರಾಯ. ಮನೆಯಲ್ಲಿ ಮಾಡಿದವರ ಕೈಯಿಂದಲೇ ಕೊಳ್ಳುವಾಗ ಚೌಕಾಸಿನೂ ಮಾಡ್ಬೇಡಿ, ಅವರು ಹೇಳೋ ರೇಟು ಮೊರೇಲಿಯಾ ಅಂಗಡಿಗಿಂತ ಹೇಗೂ ಕಮ್ಮಿನೇ ಇರತ್ತೆ. ಇನ್ನೊಂದು, ಮೆಕ್ಸಿಕೋದಲ್ಲಿ ಗೈಡ್‌ಗಳಿಗೆ ಫೆಡರಲ್ ಪ್ರವಾಸೋದ್ಯಮ ಇಲಾಖೆಯ ಗುರುತಿನ ಕಾರ್ಡ್ ಇರತ್ತೆ, ಅದನ್ನ ತೋರ್ಸಿ ಅಂತ ಕೇಳೋದ್ರಲ್ಲಿ ತಪ್ಪೇನಿಲ್ಲ.

ಪಾತ್ಸ್‌ಕ್ವಾರೋ ಊರೊಳಗೆ ಗೈಡ್ ಇಲ್ದೇನೂ ಓಡಾಡ್ಬೋದು, ಬಿಳಿ ಗೋಡೆ, ಕೆಳಗೆ ಕೆಂಪು ಪಟ್ಟಿ, ಹೆಂಚಿನ ಮಾಡು, ದೊಡ್ಡ ಚೌಕ. ಆದ್ರೆ ಹನ್ನೊಂದು ಅಂಗಳದ ಮನೆ ಅಂತ ಹಳೇ ಕಾನ್ವೆಂಟ್ ಒಂದಿದೆ, ಅಲ್ಲಿ ಅರಗಿನ ಥರದ ಬಣ್ಣದ ಕೆಲಸ ಮಾಡೋರು ಕೂತಿರ್ತಾರೆ, ಮಾಕೆ ಅಂತಾರೆ. ಒಂದು ಜಾತಿ ಹುಳುವಿನ ಕೊಬ್ಬು, ಚಿಯಾ ಬೀಜದ ಎಣ್ಣೆ, ಸುಣ್ಣಕಲ್ಲಿನ ಥರದ ಮಣ್ಣು, ಬಣ್ಣ ಇಷ್ಟನ್ನ ಸೇರ್ಸಿ ಅಂಗೈಯಲ್ಲೇ ಉಜ್ಜಿ ಉಜ್ಜಿ ಪದರ ಪದರವಾಗಿ ಏರಿಸ್ತಾರೆ, ಮೇಲೆ ಚಿನ್ನದ ರೇಕಿನ ಗೆರೆ. ಇಲ್ಲಿ ಗೈಡ್ ಜೊತೆಗಿದ್ರೆ ಲಾಭ, ಯಾಕಂದ್ರೆ ಅವರೆಲ್ಲಾ ಮಾತಾಡೋದು ಸ್ಪ್ಯಾನಿಷ್, ಇಂಗ್ಲಿಷ್ ಬರೋರು ಕಮ್ಮಿ, ಮತ್ತೆ ಒಂದು ತಟ್ಟೆಗೆ ಎಷ್ಟು ತಿಂಗಳು ಹಿಡಿಯತ್ತೆ ಅನ್ನೋದು ಗೂಗಲ್ ಟ್ರಾನ್ಸ್‌ಲೇಟಲ್ಲಿ ಮಾತಾಡೋ ವಿಷಯ ಅಲ್ಲ. ಹಳೇ ಸಾನ್ ಅಗುಸ್ತಿನ್ ಚರ್ಚು ಈಗ ಲೈಬ್ರರಿ, ಅದರ ಒಳಗಿನ ಗೋಡೆ ತುಂಬಾ ಹುವಾನ್ ಓ'ಗೋರ್ಮನ್ ಬರೆದ ಮಿಚೋಆಕಾನ್ ಇತಿಹಾಸದ ದೊಡ್ಡ ಚಿತ್ರ ಇದೆ. ರಾಜನನ್ನ ಕೊಂದಿದ್ದು, ತಾತಾ ವಾಸ್ಕೋ ಬಂದಿದ್ದು ಎಲ್ಲಾ ಅದರಲ್ಲೇ ಇದೆ, ಬಿಡ್ಬೇಡಿ.

ಕೆರೆ ಬಗ್ಗೆ ಹೇಳ್ಲೇಬೇಕು. ಹನಿತ್ಸಿಯೋ ದ್ವೀಪಕ್ಕೆ ದೋಣಿಯಲ್ಲಿ ಹೋಗಿ ಸ್ವಾತಂತ್ರ್ಯ ಹೋರಾಟಗಾರ ಮೊರೆಲೋಸ್‌ನ 40 ಮೀಟರ್ ಪ್ರತಿಮೆ ಹತ್ತೋದು ಎಲ್ಲಾ ಪ್ಯಾಕೇಜಲ್ಲೂ ಇರತ್ತೆ. ಚಿಟ್ಟೆ ರೆಕ್ಕೆ ಥರದ ಬಲೆ ಹಿಡಿದ ಮೀನುಗಾರರನ್ನೂ ತೋರಿಸ್ತಾರೆ, ಆದ್ರೆ ಆ ಬಲೆಯಲ್ಲಿ ಈಗ ಮೀನು ಹಿಡಿಯೋದು ಬಹುಪಾಲು ಪ್ರವಾಸಿಗರಿಗೋಸ್ಕರ ಮಾತ್ರ. ಈ ಕೆರೆಯಿಂದ ಹೊರಗೆ ಹರಿಯೋ ನದಿ ಇಲ್ಲ, ಬಂದ ನೀರು ಆವಿಯಾಗ್ಬೇಕು ಅಷ್ಟೇ, ಹಾಗಾಗಿ ಕೊಳಕು ಸೇರಿದ್ರೂ ಮಳೆ ಕೈಕೊಟ್ರೂ ನೇರ ಪೆಟ್ಟು. ಕಾಡು ಕಡಿದು ಮಣ್ಣು ಬಂದು ಹೂಳು ತುಂಬಿದೆ, ಬರ ಬಂತು, ಜೊತೆಗೆ ಅವೊಕಾಡೋ ತೋಟಗಳಿಗೆ ನೀರು ಎತ್ತಿದ್ರು, 2024ರಲ್ಲಂತೂ ದೋಣಿ ಓಡೋ ಜಾಗದಲ್ಲಿ ಬಿರುಕು ಬಿಟ್ಟ ನೆಲ ಕಾಣ್ತಿತ್ತು. ಬೇರೆ ಎಲ್ಲೂ ಸಿಗದ ಅಚೋಕೆ ಅನ್ನೋ ಒಂದು ಜಾತಿ ಸಲಮ್ಯಾಂಡರ್ ಈ ಕೆರೆಯಲ್ಲಿದೆ, ಈಗ ಅಳಿವಿನ ಅಂಚಲ್ಲಿದೆ, ಅದನ್ನ ಪಾತ್ಸ್‌ಕ್ವಾರೋದ ಡೊಮಿನಿಕನ್ ಸನ್ಯಾಸಿನಿಯರು ತಮ್ಮ ಮಠದಲ್ಲಿ ಟ್ಯಾಂಕುಗಳಲ್ಲಿ ಸಾಕಿ ಉಳಿಸ್ಕೊಂಡು ಬಂದಿದಾರೆ, ಕೆಮ್ಮಿನ ಸಿರಪ್ ಮಾಡೋಕೆ ಅಂತ ಶುರುವಾಗಿದ್ದು ಕೊನೇಗೆ ಆ ಜೀವಿಗೇ ಆಸರೆ ಆಯ್ತು. ಹನಿತ್ಸಿಯೋಗೆ ಹೋಗೋ ಎರಡು ಮೂರು ಗಂಟೆಯನ್ನ ಈ ವಿಷಯ ಗೊತ್ತಿರೋ ಗೈಡ್ ಜೊತೆ ಕೆರೆ ದಡದಲ್ಲಿ ಕಳೀರಿ ಅಂತೀನಿ ನಾನು.

ತ್ಸಿನ್‌ತ್ಸುನ್‌ತ್ಸಾನ್ ಪುರೆಪೆಚಾ ರಾಜಧಾನಿ ಆಗಿತ್ತು, ಗುಡ್ಡದ ಮೇಲೆ ದುಂಡು ಮೂತಿಯ ಐದು ಯಾಕಾತಾಗಳು (ಮೆಟ್ಟಿಲು ಮೆಟ್ಟಿಲಾಗಿ ಕಟ್ಟಿದ ಕಲ್ಲಿನ ಪಿರಮಿಡ್‌ಗಳು) ಸಾಲಾಗಿವೆ, ಅಲ್ಲಿಂದ ಇಡೀ ಕೆರೆ ಕಾಣತ್ತೆ, ಎಲ್ಲಿವರೆಗೆ ನೀರಿತ್ತು ಅನ್ನೋದೂ ಕಾಣತ್ತೆ.

ಊಟ. ಸಸ್ಯಾಹಾರಿಗಳಿಗೆ ಗೈಡ್ ಬೇಕಾಗೋ ಇನ್ನೊಂದು ಕಾರಣ ಇದು. ಕೊರುಂದಾ ಅಂತ ಮೂಲೆಮೂಲೆಯಾಗಿ ಮೆಕ್ಕೆಜೋಳದ ಎಲೆಯಲ್ಲಿ ಕಟ್ಟಿ ಬೇಯ್ಸಿದ ಕಡುಬು ಸಿಗತ್ತೆ, ನೋಡಿದ್ರೆ ಶುದ್ಧ ಸಸ್ಯಾಹಾರ, ಆದ್ರೆ ಹಿಟ್ಟಿಗೆ ಹಂದಿ ಕೊಬ್ಬು ಸೇರ್ಸೋದು ಇಲ್ಲಿನ ವಾಡಿಕೆ. ಹುರುಳಿಕಾಯಿ ಬೀಜದ ಸೋಪಾ ತರಾಸ್ಕಾ ಅನ್ನೋ ಸೂಪಿಗೂ ಸುಮಾರು ಕಡೆ ಕೋಳಿ ಸಾರು ಹಾಕ್ತಾರೆ. "ಮಾಂಸ ಬೇಡ" ಅಂದ್ರೆ ಸಾಕಾಗಲ್ಲ, ಕೊಬ್ಬು ಬೇಡ, ಕೋಳಿ ಸಾರೂ ಬೇಡ ಅಂತ ಬಿಡಿಸಿ ಹೇಳ್ಬೇಕು, ಅದನ್ನ ಗೈಡ್‌ಗೆ ಹಿಂದಿನ ದಿನನೇ ಮೆಸೇಜ್ ಹಾಕ್ಬಿಡಿ. ಪಾತ್ಸ್‌ಕ್ವಾರೋ ಚೌಕದಲ್ಲಿ ನಿಯೆವೆ ದೆ ಪಾಸ್ತಾ ಅಂತ ಐಸ್ಕ್ರೀಮು, ಹಾಲನ್ನ ಹೊತ್ತು ಹೊತ್ತು ಕಾಯ್ಸಿ ಮಾಡೋದು, ಅದು ಮಾತ್ರ ತಿನ್ಲೇಬೇಕು. ಮಣ್ಣಿನ ಪಾತ್ರೆ ಕೊಳ್ಳೋರು "ಸಿನ್ ಪ್ಲೋಮೋ" ಇದ್ಯಾ ಅಂತ ಕೇಳಿ, ಅಂದ್ರೆ ಸೀಸ ಇಲ್ಲದ ಹೊಳಪು. ಹಳೇ ಪದ್ಧತಿಯ ಹೊಳಪಲ್ಲಿ ಸೀಸ ಇರತ್ತೆ, ಶೋಕೇಸಿಗೆ ಪರ್ವಾಗಿಲ್ಲ, ಅದರಲ್ಲಿ ಊಟ ಮಾಡೋ ಹಾಗಿಲ್ಲ, ಮಕ್ಕಳಿರೋ ಮನೆಯಲ್ಲಂತೂ ಬೇಡವೇ ಬೇಡ.

ಸೇಫ್ಟಿ ಬಗ್ಗೆ ಎಲ್ಲರೂ ಕೇಳ್ತಾರೆ, ಕೇಳ್ಬೇಕು ಕೂಡ. ಅಮೆರಿಕ ಸರ್ಕಾರ ಮಿಚೋಆಕಾನ್ ರಾಜ್ಯಕ್ಕೆ ಹೋಗ್ಬೇಡಿ ಅನ್ನೋ ಮಟ್ಟದ ಎಚ್ಚರಿಕೆ ಕೊಟ್ಟಿದೆ, ಕ್ರೈಮ್ ಗ್ಯಾಂಗುಗಳ ಸಮಸ್ಯೆ ನಿಜ. ಪಾತ್ಸ್‌ಕ್ವಾರೋಗೆ ಮೆಕ್ಸಿಕೋದವರೇ ವೀಕೆಂಡಿಗೆ ಫ್ಯಾಮಿಲಿ ಸಮೇತ ತುಂಬಾ ಹೋಗ್ತಾರೆ, ಹಾಗಂತ ನಿಮಗೆ ಏನೂ ಆಗಲ್ಲ ಅಂತ ನಾನು ಗ್ಯಾರಂಟಿ ಕೊಡಲ್ಲ. ಹೊರಡೋ ವಾರದ ಸುದ್ದಿ ನೋಡಿ, ಹಗಲಲ್ಲೇ ಮುಖ್ಯ ರಸ್ತೆಯಲ್ಲೇ ಓಡಾಡಿ, ಕತ್ತಲಾಗೋಕೆ ಮುಂಚೆ ಮೊರೇಲಿಯಾ ಸೇರ್ಕೊಳ್ಳಿ, ಟ್ರಾವೆಲ್ ಇನ್ಶೂರೆನ್ಸ್ ಇಂಥ ಎಚ್ಚರಿಕೆ ಇರೋ ಜಾಗಕ್ಕೆ ಅನ್ವಯಿಸತ್ತಾ ಅಂತ ಓದ್ಕೊಳ್ಳಿ. ಗೈಡ್ ಇವತ್ತು ಆ ರಸ್ತೆ ಬೇಡ ಅಂದ್ರೆ ವಾದ ಮಾಡ್ದೇ ಒಪ್ಕೊಳ್ಳಿ. ಅಷ್ಟಾದ್ಮೇಲೂ ಮನಸ್ಸಿಗೆ ಸಮಾಧಾನ ಇಲ್ಲ ಅಂದ್ರೆ ಬಿಡಿ, ಗ್ವಾದಲಹಾರಾ ಹತ್ರ ಚಪಾಲಾ ಕೆರೆ, ತೊನಾಲಾ, ತ್ಲಾಕೆಪಾಕೆ ಅನ್ನೋ ಕರಕುಶಲದ ಊರುಗಳು ಇವೆ, ಅಲ್ಲೂ ಕೆರೆ, ಕರಕುಶಲ ಎರಡೂ ಒಂದೇ ದಿನದಲ್ಲಿ ಸಿಗತ್ತೆ, ಒಂಟಿಯಾಗಿ ಹೋಗೋರಿಗೆ ಅದು ಸುಲಭ.

ಕೊನೇದಾಗಿ ನವೆಂಬರ್ 1, 2ರಂದು ಹೋಗೋರಿಗೆ. ಅದು ಸತ್ತವರ ಹಬ್ಬ, ರಾತ್ರಿಯಿಡೀ ಸ್ಮಶಾನದಲ್ಲಿ ಮೇಣದಬತ್ತಿ, ಚೆಂಡುಹೂವು, ಇಡೀ ದೇಶದಿಂದ ಜನ ಬರ್ತಾರೆ, ರಸ್ತೆ ಜಾಮ್, ರೂಮು ತಿಂಗಳುಗಟ್ಲೆ ಮುಂಚೆ ಫುಲ್. ಆ ದಿನಗಳಲ್ಲಿ ಕುಲುಮೆ ನೋಡೋ ಈ ಪ್ಲಾನ್ ನಡಿಯಲ್ಲ, ಒಂದು ದಿನದ ಟ್ರಿಪ್ಪಾಗಿ ಪ್ಲಾನ್ ಮಾಡ್ಲೇಬೇಡಿ. ಕಸುಬು ನೋಡೋಕೆ ಅಂತಾದ್ರೆ ಜನವರಿ, ಫೆಬ್ರವರಿಯ ಯಾವುದಾದ್ರೂ ಮಂಗಳವಾರ ಬುಧವಾರ ಬನ್ನಿ, ಸೋಮವಾರ ಸುಮಾರು ಮ್ಯೂಸಿಯಂಗಳಿಗೆ ರಜೆ. ಭಾರತದ ಪಾಸ್‌ಪೋರ್ಟ್ ಇರೋರಿಗೆ ಚಾಲ್ತಿಯಲ್ಲಿರೋ ಅಮೆರಿಕದ ವೀಸಾ ಇದ್ರೆ ಮೆಕ್ಸಿಕೋ ವೀಸಾ ಬೇರೆ ಬೇಕಾಗಲ್ಲ, ಟಿಕೆಟ್ ತಗೊಳ್ಳೋಕೆ ಮುಂಚೆ ಅದನ್ನೊಂದ್ಸಲ ನೋಡ್ಕೊಳ್ಳಿ.