ವೆಲ್ಲೂರು ಕೋಟೆ: ದೇವಸ್ಥಾನ ನೋಡಿದ ಮೇಲೆ ಸಿಪಾಯಿಗಳ ಜಾಡಿನಲ್ಲೊಂದು ಸುತ್ತು

ಬೆಂಗಳೂರಿನಿಂದ ಚೆನ್ನೈ ಕಡೆಗೆ ಹೋಗುವ ಹೆಚ್ಚಿನ ರೈಲುಗಳು ಕಾಟ್ಪಾಡಿಯಲ್ಲಿ ನಿಲ್ಲುತ್ತವೆ. ಅಲ್ಲಿಂದ ಕೋಟೆಗೆ ಬಸ್ಸು, ಆಟೊ ಎರಡೂ ಸಿಗುತ್ತವೆ. ಉಳಿದುಕೊಳ್ಳುವುದಾದರೆ ಕೋಣೆಯನ್ನು ಮುಂಚೆಯೇ ಗೊತ್ತು ಮಾಡಿಕೊಳ್ಳಿ. ಸಿಎಂಸಿ ಆಸ್ಪತ್ರೆಗೆ ದೂರದೂರದಿಂದ ಬರುವ ರೋಗಿಗಳ ಮನೆಯವರಿಂದಲೇ ಸುತ್ತಲಿನ ಲಾಡ್ಜುಗಳು ತುಂಬಿರುತ್ತವೆ. ಬೇಸಿಗೆಯಲ್ಲಂತೂ ಹೋಗಬೇಡಿ. ಆ ಊರಿನ ಬಿಸಿಲಿಗೆ ದಯೆಯಿಲ್ಲ.

ಜನ ಕೋಟೆಯೊಳಗೆ ಬರುವುದು ಜಲಕಂಠೇಶ್ವರನಿಗಾಗಿ. ಅಲ್ಲಿನ ಕಲ್ಯಾಣ ಮಂಟಪದ ಕೆತ್ತನೆ ಕಣ್ತುಂಬ ನೋಡುವಂಥದ್ದೇ. ಆದರೆ ಅಷ್ಟಕ್ಕೇ ಹಿಂತಿರುಗಿದರೆ ಮೈಸೂರು ಸೀಮೆಗೆ ಸೇರಿದ ಕಥೆಯೇ ತಪ್ಪಿಹೋಗುತ್ತದೆ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಕಂಪನಿಯವರು ಟಿಪ್ಪುವಿನ ಮಕ್ಕಳನ್ನೂ ಅಂತಃಪುರದವರನ್ನೂ ಇಟ್ಟಿದ್ದು ಇಲ್ಲಿಯೇ. ಇದೇ ಕೋಟೆಯಲ್ಲಿ ಮದರಾಸು ಸೇನೆಯ ಸಿಪಾಯಿಗಳೂ ಬೀಡುಬಿಟ್ಟಿದ್ದರು.

ಅವರಿಗೆ ಹೊಸ ಕಟ್ಟಳೆ ಬಂತು: ಕವಾಯತಿನಲ್ಲಿ ಹಣೆಯ ಮೇಲೆ ನಾಮ, ವಿಭೂತಿ ಇರಕೂಡದು, ಕಿವಿಯ ಒಂಟಿ ತೆಗೆಯಬೇಕು, ಗಡ್ಡ ಬೋಳಿಸಬೇಕು, ತೊಗಲಿನ ಅಲಂಕಾರವಿದ್ದ ಹೊಸ ಪೇಟ ತೊಡಬೇಕು. ಒಲ್ಲೆ ಎಂದವರಿಗೆ ಛಡಿ ಏಟು. 1806ರ ಜುಲೈ 10ರ ನಸುಕಿನಲ್ಲಿ ಸಿಪಾಯಿಗಳು ದಂಗೆಯೆದ್ದು, 69ನೇ ರೆಜಿಮೆಂಟಿನ ಬಿಳಿಯ ಸೈನಿಕರ ಮೇಲೆ ಗುಂಡು ಹಾರಿಸಿ, ಕೋಟೆಯ ಮೇಲೆ ಮೈಸೂರಿನ ಬಾವುಟ ಏರಿಸಿದರು. ಸುದ್ದಿ ತಿಳಿದು ಆರ್ಕಾಟಿನಿಂದ ಕುದುರೆ ಓಡಿಸಿಕೊಂಡು ಬಂದ ಬ್ರಿಟಿಷ್ ಸೇನಾಧಿಕಾರಿ ಗಿಲೆಸ್ಪಿ ಹಗ್ಗ ಹಿಡಿದು ಗೋಡೆ ಏರಿದ. ಬೆನ್ನ ಹಿಂದೆಯೇ ಫಿರಂಗಿಗಳು ಬಂದು ಬಾಗಿಲು ಒಡೆದವು. ಅರಮನೆಯಲ್ಲಿ ಅಡಗಿದ್ದ ಸುಮಾರು 100 ಸಿಪಾಯಿಗಳನ್ನು ಹೊರಗೆಳೆದು, ಗೋಡೆಗೆ ನಿಲ್ಲಿಸಿ ಗುಂಡಿಕ್ಕಲಾಯಿತು. ಇದೆಲ್ಲ ಟಿಪ್ಪುವಿನ ಮಕ್ಕಳ ಸಂಚು ಎಂದ ಅಧಿಕಾರಿಗಳೂ ಇದ್ದರು. ಆ ಮಕ್ಕಳನ್ನು ಕಲ್ಕತ್ತೆಗೆ ಸಾಗಿಸಿದರು, ಸರಿ. ಆದರೆ ಪೇಟದ ಆಜ್ಞೆಯನ್ನೂ ಹಿಂತೆಗೆದುಕೊಂಡರು, ಗವರ್ನರ್ ಬೆಂಟಿಂಕ್ ಮತ್ತು ಸೇನಾಧಿಪತಿ ಕ್ರಾಡಕ್ ಇಬ್ಬರನ್ನೂ ವಾಪಸು ಕರೆಸಿಕೊಂಡರು. ತಪ್ಪು ಎಲ್ಲಿತ್ತೆಂದು ಮೇಲಿನವರಿಗೆ ಗೊತ್ತಿತ್ತೆಂದೇ ನನ್ನ ಎಣಿಕೆ.

ಇಷ್ಟು ಓದಿಕೊಂಡು ಹೋಗಿ, ಏಕೆಂದರೆ ದೇವಸ್ಥಾನಕ್ಕೆ ಬಂದವರನ್ನು ಕೇಳಿದರೆ ಈ ಕಥೆ ಸಿಗುವುದು ಅಪರೂಪ. ಬೆಳಿಗ್ಗೆ ಕಂದಕದ ಅಂಚಿನಲ್ಲಿ ನಡೆದು ಗೋಡೆಯ ಎತ್ತರ ಗಮನಿಸಿ. ಆಗ ಗಿಲೆಸ್ಪಿಯ ಹಗ್ಗ ಅರ್ಥವಾಗುತ್ತದೆ. ಸತ್ತ ಬಿಳಿಯರ ಸ್ಮಾರಕ ಹಳೆಯ ಯುರೋಪಿಯನ್ ಸ್ಮಶಾನದಲ್ಲಿದೆ. ಸಿಪಾಯಿಗಳ ನೆನಪಿನ ಸ್ತಂಭ ಊರೊಳಗಿನ ಮಕ್ಕಾನ್ ವೃತ್ತದಲ್ಲಿದೆ. ಅದು ಎದ್ದದ್ದು ಸ್ವಾತಂತ್ರ್ಯ ಬಂದು ಎಷ್ಟೋ ವರ್ಷಗಳಾದ ಮೇಲೆ. ಆಟೊದವರಿಗೆ ಸ್ತಂಭ ಎನ್ನುವುದಕ್ಕಿಂತ ಮಕ್ಕಾನ್ ಎಂದರೆ ಬೇಗ ತಿಳಿಯುತ್ತದೆ.

ಕೋಟೆಯೊಳಗೆ ಸರ್ಕಾರಿ ವಸ್ತುಸಂಗ್ರಹಾಲಯವೂ ಇದೆ, ರಜೆಯ ದಿನ ಯಾವುದೆಂದು ಮೊದಲೇ ವಿಚಾರಿಸಿಕೊಳ್ಳಿ. ಪಾಲಾರ್ ದಂಡೆಯ ಮುತ್ತು ಮಂಟಪದಲ್ಲಿ, ಇಲ್ಲಿಯೇ ಸೆರೆಯಲ್ಲಿದ್ದ, ಶ್ರೀಲಂಕಾದ ಕ್ಯಾಂಡಿಯ ಕೊನೆಯ ದೊರೆ ಶ್ರೀವಿಕ್ರಮ ರಾಜಸಿಂಹನ ಸಮಾಧಿಯಿದೆ. ಸಂಜೆಯ ರೈಲು ಹಿಡಿಯಬೇಕಾದವರು ಅದನ್ನು ಬಿಟ್ಟರೂ ನಡೆದೀತು. ಕೋಟೆಯಿಂದ ಪೂರ್ವಕ್ಕೆ ಸುಮಾರು 1 ಕಿ.ಮೀ. ದೂರದಲ್ಲಿರುವ ಟಿಪ್ಪು ಮನೆತನದವರ ಗೋರಿಗಳನ್ನು ಮಾತ್ರ ಬಿಡಬೇಡಿ.