ಸಮುದ್ರದ ಬಂಡೆ ಮೇಲಿನ ಕಪ್ಪು ಪಟ್ಟಿ ಟಾರ್ ಅಲ್ಲ

ಬೆಂಗಳೂರಿನಿಂದ ಆನ್‌ಸೈಟ್ ಅಂತ ಬ್ರಿಟನ್, ಐರ್ಲೆಂಡ್ ಕಡೆ ಹೋದ ಗೆಳೆಯರು ನನಗೆ ಒಂದೇ ಥರದ ಫೋಟೋ ಕಳಿಸುತ್ತಾರೆ. ಸಮುದ್ರ, ಬಂಡೆಗಳು, ನೀರಿನಿಂದ ಸ್ವಲ್ಪ ಮೇಲೆ ಉದ್ದಕ್ಕೂ ಒಂದು ಕಪ್ಪು ಪಟ್ಟಿ. ಜೊತೆಗೆ ಪ್ರಶ್ನೆ: 'ಟಾರ್ ಮೆತ್ತಿಕೊಂಡಿದೆ, ಇದನ್ನ ಯಾರೂ ಕ್ಲೀನ್ ಮಾಡಲ್ವಾ?'

ಮಾಡಬಾರದು. ಅದಕ್ಕೆ ಜೀವ ಇದೆ.

ಅದು ಹೈಡ್ರೋಪಂಕ್ಟೇರಿಯಾ ಮೌರಾ ಎಂಬ ಲೈಕನ್. ಹಳೆಯ ಪುಸ್ತಕಗಳಲ್ಲಿ ವೆರುಕೇರಿಯಾ ಮೌರಾ ಎಂದಿರುತ್ತದೆ, ಹೆಸರು ಬದಲಾದದ್ದು 2009ರಲ್ಲಿ. ಒಂದು ಶಿಲೀಂಧ್ರ, ಒಂದು ಹಸಿರು ಪಾಚಿ, ಎರಡೂ ಸೇರಿ ಒಂದೇ ಜೀವದಂತೆ ಬದುಕುತ್ತವೆ. ಪಾಚಿ ಬಿಸಿಲಿನಿಂದ ಆಹಾರ ಮಾಡುತ್ತದೆ, ಶಿಲೀಂಧ್ರ ಅದನ್ನು ಹಂಚಿಕೊಳ್ಳುತ್ತದೆ. ನಾವು ಮಸಾಲೆ ಪುಡಿಗೆ ಹಾಕುವ ಕಲ್ಲುಹೂವೂ ಲೈಕನ್ನೇ. ಆದರೆ ಅದನ್ನು ಎಲೆಯಂತೆ ಬಿಡಿಸಬಹುದು. ಇದು ಕಲ್ಲಿಗೇ ಕಚ್ಚಿಕೊಂಡ ಹೊರಪದರ. ಕಲ್ಲು ಕೆರೆಯದೆ ಇದು ಬರುವುದಿಲ್ಲ.

ಟಾರ್ ಹೌದೋ ಅಲ್ಲವೋ ಅಂತ ನೀವೇ ನೋಡಬಹುದು. ಕಚ್ಚಾ ಎಣ್ಣೆಯ ಟಾರ್ ಆದರೆ ಅಂಟುತ್ತದೆ, ವಾಸನೆ ಬರುತ್ತದೆ, ಎಲ್ಲೆಂದರಲ್ಲಿ ಹರಡಿರುತ್ತದೆ. ಈ ಲೈಕನ್ ಒಣಗಿದಾಗ ಕೈಗೆ ಅಂಟುವುದಿಲ್ಲ. ಭೂತಗನ್ನಡಿ ಹಿಡಿದರೆ ಸಣ್ಣ ಬಿರುಕುಗಳು, ಚಿಕ್ಕ ಚಿಕ್ಕ ಉಬ್ಬುಗಳು ಕಾಣುತ್ತವೆ. ಆ ಉಬ್ಬುಗಳಲ್ಲೇ ಶಿಲೀಂಧ್ರದ ಬೀಜಕಣ ತಯಾರಾಗುವುದು. ಒದ್ದೆಯಾದಾಗ ಮಾತ್ರ ತುಂಬಾ ಜಾರುತ್ತದೆ, ಹುಷಾರು.

ನನಗೆ ಇಷ್ಟವಾಗುವುದು ಅದು ನಿಂತ ಜಾಗ. ಕೆಳಗೆ ಬಾರ್ನಕಲ್‌ಗಳು ಎಂಬ, ಬಂಡೆಗೆ ಅಂಟಿ ಬದುಕುವ ಬಿಳಿ ಚಿಪ್ಪಿನ ಪುಟ್ಟ ಪ್ರಾಣಿಗಳು, ಮೇಲೆ ಕಿತ್ತಳೆ ಬಣ್ಣದ ಲೈಕನ್, ಇನ್ನೂ ಮೇಲೆ ಬೂದು ಬಣ್ಣದವು. ಉಪ್ಪುನೀರು ಎಷ್ಟು ತಾಗುತ್ತದೆ ಎಂಬುದರ ಮೇಲೆ ಈ ಪಟ್ಟಿಗಳು. ಅಲೆ ಜೋರಾಗಿ ಹೊಡೆಯುವ ಕಡೆ ಕಪ್ಪು ಪಟ್ಟಿ ಜಾಸ್ತಿ ಅಗಲ, ಶಾಂತ ಕೊಲ್ಲಿಯಲ್ಲಿ ಕಿರಿದು.

ಕ್ಲೀನ್ ಮಾಡುವ ಮಾತು ಬಂದಾಗ ನಾನು 1967ರ ಟೋರಿ ಕ್ಯಾನಿಯನ್ ಕತೆ ಹೇಳುತ್ತೇನೆ. ಇಂಗ್ಲೆಂಡಿನ ಕಾರ್ನ್‌ವಾಲ್ ಬಳಿ ಆ ಟ್ಯಾಂಕರ್ ಒಡೆದು ಕಚ್ಚಾ ಎಣ್ಣೆ ದಡಕ್ಕೆ ಬಂತು. ಅದನ್ನು ತೊಳೆಯಲು ರಾಶಿ ರಾಶಿ ಡಿಟರ್ಜೆಂಟ್ ಸುರಿದರು. ಬಂಡೆ ಮೇಲಿನ ಜೀವಿಗಳಿಗೆ ಎಣ್ಣೆಗಿಂತ ಆ ತೊಳೆತವೇ ಹೆಚ್ಚು ಹಾನಿ ಮಾಡಿತು. ನಿಜವಾದ ಎಣ್ಣೆ ಬಿದ್ದಾಗಲೇ ಹೀಗೆ. ಇನ್ನು ಎಣ್ಣೆಯೇ ಇಲ್ಲದ ಕಡೆ ಉಜ್ಜುವುದು ಯಾಕೆ, ಅಲ್ವಾ?

ಆಮೇಲೆ ಬರುವ ಪ್ರಶ್ನೆ: 'ಲಾಲ್‌ಬಾಗ್ ಬಂಡೆ ಮೇಲೂ ಇದೇನಾ?' ಅಲ್ಲ, ಇದಕ್ಕೆ ಸಮುದ್ರದ ನೀರು ಬೇಕು. ನಮ್ಮ ಕಡೆಯ ಬಂಡೆಗಳಲ್ಲಿ ಮಳೆನೀರು ಇಳಿಯುವ ಜಾಡಿನ ಕಪ್ಪು ಗೆರೆಗಳು ಸಾಮಾನ್ಯವಾಗಿ ಸಯನೋಬ್ಯಾಕ್ಟೀರಿಯಾ, ಅಂದರೆ ಬಿಸಿಲಿನಿಂದ ಆಹಾರ ಮಾಡಿಕೊಳ್ಳುವ ಬ್ಯಾಕ್ಟೀರಿಯಾಗಳು. ಅವೂ ಜೀವಂತವೇ.